ತನಗೇನಾಗಿದೆ ಅಂತ ಗೊತ್ತಿಲ್ಲದವರ ಮುಂದೆ ಕ್ಯಾಮೆರಾ ಇಡಬಹುದಾ?

ಕೆಲಗೇರಿ ದಂಡೆ

ಎಲ್ಲರಿಗೂ ನಮಸ್ಕಾರ. ನಾನು ಧಾರವಾಡದವಳು, ಸಾಕ್ಷ್ಯಚಿತ್ರ ಮಾಡುತ್ತೇನೆ. ಇಷ್ಟು ವರ್ಷ ಕೆರೆ, ಕೌದಿ, ನವಲಗುಂದದ ಜಮಖಾನೆ ಅಂತ ಮಾಡಿಕೊಂಡು ಬಂದೆ. ಒಂದು ವರ್ಷದಿಂದ ಸಾವಿನ ಬಗ್ಗೆ ಮಾಡುತ್ತಿದ್ದೇನೆ. ನಮ್ಮ ಕಡೆ ಜನ ಕೊನೆಯ ದಿನಗಳನ್ನು ಹೇಗೆ ಕಳೆಯುತ್ತಾರೆ? ಪಕ್ಕದಲ್ಲಿ ಯಾರು ಕೂರುತ್ತಾರೆ? ಏನು ಮಾತಾಡುತ್ತಾರೆ, ಏನು ಮಾತಾಡುವುದಿಲ್ಲ? ಇದೇ ವಿಷಯ.

ಇದಕ್ಕೆ ಇಳಿದದ್ದು ನಮ್ಮ ಅವ್ವನಿಂದ. ಮೂರು ವರ್ಷದ ಹಿಂದೆ ಅವಳು ಒಂದು ದೊಡ್ಡ ಆಸ್ಪತ್ರೆಯ ಐಸಿಯುನಲ್ಲಿ ತೀರಿಕೊಂಡಳು. ದಿನಕ್ಕೆ ಹತ್ತು ನಿಮಿಷ ಒಳಗೆ ಬಿಡುತ್ತಿದ್ದರು. ಉಳಿದ ಹೊತ್ತು ಗಾಜಿನ ಆಚೆ ನಿಲ್ಲುವುದು. "ಮನೀಗೆ ಯಾವಾಗ?" ಅಂತ ಅವಳು ಕೇಳಿದಳು. "ನಾಡಿದ್ದು" ಅಂದೆ. ನನಗೆ ಗೊತ್ತಿತ್ತು, ನಾಡಿದ್ದು ಇಲ್ಲ ಅಂತ. ಆ ಒಂದು ಮಾತು ನನ್ನನ್ನು ಬಿಟ್ಟಿಲ್ಲ.

ಈಗ ಅಣ್ಣಿಗೇರಿ ಕಡೆಯ ಒಂದು ಹಳ್ಳಿಯಲ್ಲಿ ಕೆಲಸ ನಿಂತಿದೆ. ಊರಿನ ಹೆಸರು ಬೇಡ, ಒಂದೆರಡು ಗುರುತನ್ನೂ ಬದಲಿಸಿದ್ದೇನೆ. ಅಲ್ಲಿ ಒಬ್ಬ ಅಜ್ಜಿ ಇದ್ದಾರೆ, ಎಪ್ಪತ್ತು ದಾಟಿದ್ದಾರೆ. ಹೊಟ್ಟೆಯ ಕ್ಯಾನ್ಸರ್, ಲಿವರ್‌ಗೆ ಹರಡಿದೆ. ಡಾಕ್ಟರು ಮಕ್ಕಳನ್ನು ಹೊರಗೆ ಕರೆದು, ಇನ್ನು ಮನೆಯಲ್ಲೇ ನೋಡಿಕೊಳ್ಳಿ ಅಂದರು. ಮಕ್ಕಳು ಒಳಗೆ ಬಂದು "ಯವ್ವಾ, ಸಣ್ಣ ಗಡ್ಡಿ ಐತಂತ, ಗುಳಿಗಿಗೆ ಕರಗತೈತಂತ" ಅಂದರು.

ನನ್ನ ಒಪ್ಪಿಗೆ ಪತ್ರಕ್ಕೆ ಮಕ್ಕಳು ಸಹಿ ಹಾಕಿದರು. ಅಜ್ಜಿ ಹೆಬ್ಬೆಟ್ಟು ಒತ್ತಿದರು. ಅವರಿಗೆ ಹೇಳಿದ್ದು ಇಷ್ಟೇ: ಹಳೇ ಕಾಲದ ಹೆಣ್ಣುಮಕ್ಕಳ ಬಗ್ಗೆ ಚಿತ್ರ ತೆಗೆಯುತ್ತಾರೆ ಅಂತ. ಅದು ಪೂರ್ತಿ ನಿಜ ಅಲ್ಲ ಅಂತ ಗೊತ್ತಿದ್ದೂ ನಾನು ಸುಮ್ನೆ ಇದ್ದೆ. ನಾಲ್ಕು ದಿನ ಶೂಟ್ ಮಾಡಿದೆ. ಐದನೇ ದಿನ ಅಜ್ಜಿ ಕೇಳಿದರು: "ಊರಾಗ ಇಷ್ಟು ಮುದುಕೇರು ಅದಾರ. ನೀ ನನ್ನನ್ನ ಯಾಕ ಆರಿಸಿದಿ ಯವ್ವಾ?"

ಬಾಯಿಂದ ಮಾತು ಹೊರಡಲಿಲ್ಲ. ಬ್ಯಾಟರಿ ಮುಗಿಯಿತು ಅಂತ ಸುಳ್ಳು ಹೇಳಿ ಎದ್ದು ಬಂದೆ. ಎಂಟು ದಿನ ಆಯಿತು, ಹೋಗಿಲ್ಲ. ನೀವೇನು ಹೇಳುತ್ತೀರಿ?

ಹಾವೇರಿ ಯಾಲಕ್ಕಿ

ಅಕ್ಕಾ, ನಾನು ಆ ಮಕ್ಕಳ ಜಾಗದಲ್ಲಿ ಇದ್ದವನು. ಅದಕ್ಕೇ ಬರೆಯುತ್ತಿದ್ದೇನೆ.

ನಮ್ಮ ಅಪ್ಪನಿಗೂ ಹೇಳಿರಲಿಲ್ಲ. ಅವರು ಭಜನೆ ಮಂದಿ. ಶಿಶುನಾಳ ಶರೀಫಜ್ಜನ ತತ್ವಪದ ಅಂದರೆ ಜೀವ. ಪ್ರತಿ ವರ್ಷ ಶಿಗ್ಗಾಂವಿ ಮೇಲೆ ಹಾಯ್ದು ಶಿಶುನಾಳದ ಗದ್ದುಗೆಗೆ ಹೋಗಿ ಬರುತ್ತಿದ್ದರು. ಆ ವರ್ಷ ಜಾತ್ರೆ ಬಂದಾಗ "ಒಮ್ಮೆ ಕರಕೊಂಡು ಹೋಗ್ರೋ" ಅಂದರು. "ಮುಂದಿನ ವರ್ಷ ಹೋಗೋಣು, ಈಗ ಸುಸ್ತು ಅದ" ಅಂದೆವು. ಧೈರ್ಯ ಹೇಳಿದೆವು ಅಂತ ಅಂದುಕೊಂಡಿದ್ದೆವು. ಒಂದೂವರೆ ತಿಂಗಳಿಗೆ ಹೋಗಿಬಿಟ್ಟರು.

ಗೊತ್ತಿದ್ದರೆ ಅವರು ಹಟ ಹಿಡಿಯುತ್ತಿದ್ದರು. ಗಾಡಿಯಲ್ಲಿ ಮಲಗಿಸಿಕೊಂಡಾದರೂ ಹೋಗುತ್ತಿದ್ದೆವು. ಅವರ ಒಂದು ಜಾತ್ರೆ ನಾನು ಕಸಿದುಕೊಂಡೆ. ಅಜ್ಜಿಗೆ ಹೇಳಿಸಿ ಅಕ್ಕಾ. ಚಿತ್ರದ ಮಾತು ಆಮೇಲೆ.

ಶಿರಹಟ್ಟಿ ರಸ್ತೆ

ಯಾಲಕ್ಕಿ ಅಣ್ಣಾ, ನಿಮ್ಮ ನೋವು ಅರ್ಥ ಆಗುತ್ತದೆ. ಆದರೆ ಎಲ್ಲರ ಮನೆಯಲ್ಲೂ ಹಾಗೇ ಆಗುತ್ತದೆ ಅಂತ ಅಲ್ಲ. ನಮ್ಮ ಸೋದರಮಾವನಿಗೆ ಒಬ್ಬ ಡಾಕ್ಟರು ಒಂದೇ ಉಸಿರಿನಲ್ಲಿ ಹೇಳಿಬಿಟ್ಟರು. ಅವತ್ತು ಗೋಡೆ ಕಡೆ ಮುಖ ತಿರುಗಿಸಿ ಮಲಗಿದವರು ಕೊನೆಯವರೆಗೂ ಈ ಕಡೆ ತಿರುಗಲಿಲ್ಲ. ಊಟ ಬಿಟ್ಟರು. ಮೊಮ್ಮಗನ ಜೊತೆಯೂ ಮಾತು ಬಿಟ್ಟರು.

ಇನ್ನೊಂದು ಮಾತು. ಕೋಪದಿಂದ ಹೇಳುತ್ತಿಲ್ಲ. ಸಾವನ್ನು ಚಿತ್ರ ಮಾಡುವುದೇ ನನಗೆ ಸೇರುವುದಿಲ್ಲ. 2021ರ ಎರಡನೇ ಅಲೆಯಲ್ಲಿ ನಮ್ಮ ದೊಡ್ಡವ್ವ ಹೋದಳು. ಪ್ಲಾಸ್ಟಿಕ್‌ನಲ್ಲಿ ಸುತ್ತಿದ್ದರು, ಮುಖ ನೋಡಲಿಲ್ಲ, ಮಣ್ಣಿಗೆ ನಾಲ್ಕು ಮಂದಿ. ಆದರೆ ಕುಣಿಗೆ ಇಳಿಸುವ ವಿಡಿಯೋ ಯಾರೋ ಮಾಡಿದ್ದರು. ಸಂಜೆಗೆ ಅದು ಊರಿನ ಎಲ್ಲರ ವಾಟ್ಸಾಪ್‌ನಲ್ಲಿತ್ತು. ನಮಗೆ ಕೊನೆಗೆ ಸಿಕ್ಕ ಮುಖ ಅದು, ಅದೂ ಪ್ಲಾಸ್ಟಿಕ್. ಅವತ್ತಿನಿಂದ ಅಂಥ ಜಾಗದಲ್ಲಿ ಯಾರಾದರೂ ಫೋನ್ ಎತ್ತಿದರೆ ನನ್ನ ಕೈ ನಡುಗುತ್ತದೆ.

ಬೆಟಗೇರಿ ಸ್ಟುಡಿಯೋ

ತಂಗೀ, ನಾನು ಬೆಟಗೇರಿಯಲ್ಲಿ ನಲವತ್ತು ವರ್ಷ ಸ್ಟುಡಿಯೋ ನಡೆಸಿದವನು. ಈಗ ಮಗ ನೋಡಿಕೊಳ್ಳುತ್ತಾನೆ. ಸತ್ತವರ ಫೋಟೋ ಎಷ್ಟು ತೆಗೆದಿದ್ದೇನೆ, ಲೆಕ್ಕ ಇಟ್ಟಿಲ್ಲ.

ಈಗಿನ ಹುಡುಗರಿಗೆ ಇದು ವಿಚಿತ್ರ ಅನ್ನಿಸಬಹುದು. ಆಗ ಮನೆಯಲ್ಲಿ ಯಾರಾದರೂ ತೀರಿಕೊಂಡರೆ ಮೊದಲು ಬೀಗರಿಗೆ ಸುದ್ದಿ, ಆಮೇಲೆ ಅಯ್ಯನವರಿಗೆ, ಆಮೇಲೆ ಫೋಟೋದವನಿಗೆ. ಎಷ್ಟೋ ಮಂದಿಗೆ ಜೀವಮಾನದ ಒಂದೇ ಫೋಟೋ ಅದು. ಲಿಂಗಾಯತರ ಮನೆಯಲ್ಲಿ ಪಡಸಾಲೆಯ ಗೋಡೆಗೆ ಆನಿಸಿ ಕೂರಿಸಿರುತ್ತಾರೆ. ಹಣೆ ತುಂಬ ವಿಭೂತಿ, ಹೊಸ ಬಟ್ಟೆ, ಕೊರಳ ತುಂಬ ಮಾಲೆ. ತಲೆ ವಾಲದಂತೆ ಹಿಂದೆ ಬಟ್ಟೆ ಕಟ್ಟಿರುತ್ತಾರೆ, ಅದು ಫೋಟೋದಲ್ಲಿ ಕಾಣಬಾರದು. ಮಕ್ಕಳು, ಸೊಸೆಯರು, ಮೊಮ್ಮಕ್ಕಳು ಎರಡೂ ಕಡೆ ನಿಲ್ಲುವುದು. ಹೆಣ್ಣುಮಕ್ಕಳು ಹಾಡ್ಯಾಡಿಕೊಂಡು ಅಳುತ್ತಿರುತ್ತಾರೆ. ಹೊರಗೆ ಭಜನೆ. ನಾನು ಕೈ ಎತ್ತಿದರೆ ಒಂದು ಕ್ಷಣ ಎಲ್ಲರೂ ಸುಮ್ಮನಾಗುತ್ತಿದ್ದರು. ಕ್ಲಿಕ್ ಆದ ಮೇಲೆ ಮತ್ತೆ ಅಳು. ಆ ಒಂದು ಕ್ಷಣದ ಮೌನ ನನ್ನ ಕಿವಿಯಲ್ಲಿ ಈಗಲೂ ಇದೆ.

ಹನ್ನೆರಡು ಫೋಟೋದ ರೀಲಿನಲ್ಲಿ ಮೂರಕ್ಕಿಂತ ಜಾಸ್ತಿ ಖರ್ಚು ಮಾಡುತ್ತಿರಲಿಲ್ಲ. ಹನ್ನೊಂದನೇ ದಿನದೊಳಗೆ ಕಟ್ಟು ಹಾಕಿಸಿ ಕೊಡಬೇಕು. ಕೆಲವರು "ಕಣ್ಣು ತಗಸಿಕೊಡ್ರಿ" ಅನ್ನುತ್ತಿದ್ದರು. ಸಣ್ಣ ಬ್ರಷ್ ಹಿಡಿದು ಪ್ರಿಂಟಿನ ಮೇಲೆ ಕಣ್ಣು ಬರೆಯುತ್ತಿದ್ದೆ.

ಇಷ್ಟೆಲ್ಲ ಯಾಕೆ ಹೇಳಿದೆ ಅಂದರೆ, ನಾವು ತೆಗೆದದ್ದು ಸತ್ತವರನ್ನು, ಸಾಯುತ್ತಿರುವವರನ್ನು ಅಲ್ಲ. ಸತ್ತ ಮೇಲೆ ಆ ಮುಖ ಮನೆಮಂದಿಗೆ ಸೇರಿದ್ದು, ಅವರೇ ಕರೆಯುತ್ತಿದ್ದರು. ಉಸಿರಿರುವ ತನಕ ಮುಖ ಆ ಮನುಷ್ಯನದು. ಒಮ್ಮೆ ಒಬ್ಬರು ಅವಸರಕ್ಕೆ ಕರೆದಿದ್ದರು. ಹೋಗಿ ನೋಡಿದರೆ ಮುದುಕನಿಗೆ ಇನ್ನೂ ಜೀವ ಇತ್ತು. ಹೊರಗೆ ಕಟ್ಟೆಯ ಮೇಲೆ ಕೂತು ಕಾಯ್ದೆ. ಕ್ಯಾಮೆರಾ ಚೀಲದಿಂದ ತೆಗೆಯಲಿಲ್ಲ. ಮಕ್ಕಳ ಸಹಿ ನಿನಗೆ ಸಾಲುವುದಿಲ್ಲ ತಂಗೀ.

ಲಕ್ಕುಂಡಿ ದಾರಿ

ಸ್ಟುಡಿಯೋ ಅಣ್ಣಾ ಹೇಳಿದ್ದು ಓದಿ ನನಗೆ ವೀರಗಲ್ಲು ನೆನಪಾಯಿತು. ನಾನು ಇತಿಹಾಸ ಪಾಠ ಮಾಡುವವನು. ಗದಗ, ಹಾವೇರಿ ಜಿಲ್ಲೆಯಲ್ಲಿ ಗುಡಿ ಮುಂದೆ, ಹೊಲದ ಬದುವಿನಲ್ಲಿ ಇವು ಸಿಗುತ್ತವೆ. ಧಾರವಾಡದ ಕನ್ನಡ ಸಂಶೋಧನಾ ಸಂಸ್ಥೆಯ ಸಂಗ್ರಹಾಲಯದಲ್ಲೂ ಇವೆ. ಇವನ್ನು ಕೆಳಗಿನಿಂದ ಮೇಲಕ್ಕೆ ಓದಬೇಕು. ಕೆಳಗಿನ ಪಟ್ಟಿಯಲ್ಲಿ ಕಾಳಗ. ದನ ಕಾಯಲು ಹೋಗಿ, ಊರು ಉಳಿಸಲು ಹೋಗಿ ಬಿದ್ದವನು. ನಡುವಿನ ಪಟ್ಟಿಯಲ್ಲಿ ಅಪ್ಸರೆಯರು ಅವನನ್ನು ಎತ್ತಿಕೊಂಡು ಹೋಗುತ್ತಾರೆ. ಮೇಲೆ ಲಿಂಗದ ಮುಂದೆ ಕೂತಿರುತ್ತಾನೆ. ತುದಿಯಲ್ಲಿ ಸೂರ್ಯ ಚಂದ್ರ. ಸಾವನ್ನು ದೃಶ್ಯ ಮಾಡುವುದು ನಮ್ಮ ನೆಲಕ್ಕೆ ಹೊಸದಲ್ಲ. ಶಿರಹಟ್ಟಿಯವರು ಇದನ್ನು ಗಮನಿಸಬೇಕು.

ಆದರೆ ಆ ಕಲ್ಲಿನಲ್ಲೂ ಕಾಳಗದಿಂದ ನೇರ ಸ್ವರ್ಗ. ನಡುವೆ ಗಾಯಗೊಂಡು ಬಿದ್ದ ರಾತ್ರಿ ಇಲ್ಲ, ನೀರು ಕೇಳಿದ ಗಳಿಗೆ ಇಲ್ಲ. ಅಕ್ಕಾ, ನೀವು ಹೊರಟಿರುವುದು ಆ ಎರಡು ಪಟ್ಟಿಗಳ ನಡುವಿನ ಗೆರೆಯೊಳಗೆ. ಅದಕ್ಕೇ ಇಷ್ಟು ಕಷ್ಟ.

ನವಲಗುಂದ ನರ್ಸಕ್ಕ

ನಾನು ಹುಬ್ಬಳ್ಳಿಯಲ್ಲಿ ಕ್ಯಾನ್ಸರ್ ವಾರ್ಡಿನಲ್ಲಿ 19 ವರ್ಷ ಕೆಲಸ ಮಾಡಿದ್ದೇನೆ. ಈಗ ಮನೆಮನೆಗೆ ಹೋಗಿ ಇಂಥ ರೋಗಿಗಳನ್ನು ನೋಡುತ್ತೇನೆ. ಸ್ವಲ್ಪ ಉದ್ದ ಬರೆಯುತ್ತೇನೆ, ಕ್ಷಮಿಸಿ.

ಹೇಳಬೇಕಾ ಬೇಡವಾ ಅಂತ ನೀವೆಲ್ಲ ಜಗಳ ಆಡುತ್ತಿದ್ದೀರಿ. ಅದಕ್ಕಿಂತ ಮೊದಲು ರೋಗಿಯನ್ನು ಕೇಳಬೇಕು. ನಾನು ಮಂಚದ ಪಕ್ಕ ಕೂತು, ಕೈ ಹಿಡಿದು ಕೇಳುವುದು ಎರಡೇ ಮಾತು. "ನಿಮಗ ಏನಾಗೇತಿ ಅಂತ ನಿಮಗ ಅನಸ್ತೈತ್ರಿ?" ಇದು ಒಂದು. ಅವರು ಹೇಳಿದ್ದನ್ನು ಪೂರ್ತಿ ಕೇಳುತ್ತೇನೆ. ಆಮೇಲೆ "ಡಾಕ್ಟರು ಹೇಳಿದ್ದು ಎಲ್ಲಾ ನಿಮಗ ತಿಳಿಸಲ್ಯೋ, ಇಲ್ಲಾ ಮನಿಯಾಗ ಯಾರಿಗರ ತಿಳಿಸಲ್ಯೋ?" ಕೆಲವರು ಎಲ್ಲಾ ಹೇಳು ಅನ್ನುತ್ತಾರೆ. ಕೆಲವರು ಮಾತು ತಿರುಗಿಸುತ್ತಾರೆ. ಮಾತು ತಿರುಗಿಸಿದರೆ ನಾನೂ ತಿರುಗುತ್ತೇನೆ. ತಿಳಿಯುವುದು ಹೇಗೆ ಅವರ ಹಕ್ಕೋ, ತಿಳಿಯದೇ ಇರುವುದೂ ಅವರದೇ. ಶಿರಹಟ್ಟಿಯವರ ಮಾವನಿಗೆ ಯಾರೂ ಈ ಎರಡನೇ ಮಾತು ಕೇಳಲಿಲ್ಲ.

ಅಜ್ಜಿಗೆ ನೋವು ಎಷ್ಟಿದೆ ಅಂತ ನೀವು ಬರೆದಿಲ್ಲ. ಅದು ಮೊದಲು. ನೋವಿನಲ್ಲಿರುವವರು ಒಪ್ಪಿಗೆ ಕೊಡಲಾರರು, ಬೇಡ ಅನ್ನಲೂ ಆಗದು. ತೀವ್ರ ನೋವಿಗೆ ಕೊಡುವ ಮಾರ್ಫಿನ್ ಅಂದರೆ ನಮ್ಮ ಜನ ಹೆದರುತ್ತಾರೆ. ಯಾವುದರಿಂದ ಮಾರ್ಫಿನ್ ತೆಗೆಯುತ್ತಾರೋ ಆ ಅಫೀಮು ನಮ್ಮ ದೇಶದಲ್ಲೇ ಬೆಳೆಯುತ್ತದೆ. ಆದರೂ 1985ರ ಮಾದಕ ವಸ್ತು ಕಾನೂನಿನ ಬಿಗಿಯಿಂದ ಎಷ್ಟೋ ವರ್ಷ ಮಾರ್ಫಿನ್ ನೋವಿದ್ದವರಿಗೆ ಸಿಗುವುದು ಕಷ್ಟವಾಗಿತ್ತು. 2014ರಲ್ಲಿ ತಿದ್ದುಪಡಿ ಆಗಿ ದಾರಿ ಸಲೀಸಾಯಿತು. ಲಂಡನ್ನಿನಲ್ಲಿ ಸಿಸಿಲಿ ಸಾಂಡರ್ಸ್ ಅನ್ನುವ ತಾಯಿ 1967ರಲ್ಲಿ ಇಂಥವರಿಗೆಂದೇ ಮನೆ ತೆರೆದರು. ಅವರು ಮೊದಲು ನರ್ಸ್, ಆಮೇಲೆ ಡಾಕ್ಟರ್ ಆದವರು. ನೋವು ಬಂದ ಮೇಲೆ ಗುಳಿಗೆ ಅಲ್ಲ, ಬರುವ ಮೊದಲೇ ಗಡಿಯಾರ ನೋಡಿ ಕೊಡಬೇಕು ಅಂತ ತೋರಿಸಿದರು. ಕೇರಳದ ಕೋಳಿಕ್ಕೋಡಿನಲ್ಲಿ 1993ರಲ್ಲಿ ಈ ಕೆಲಸ ಶುರುವಾಗಿ ಹಳ್ಳಿಹಳ್ಳಿಗೆ ಹೋಯಿತು. ಬೆಂಗಳೂರಿನ ಕರುಣಾಶ್ರಯ 1999ರಿಂದ ಕ್ಯಾನ್ಸರ್‌ನ ಕೊನೆ ಹಂತದವರನ್ನು ದುಡ್ಡು ತಗೊಳ್ಳದೆ ನೋಡುತ್ತಿದೆ. ನಮ್ಮ ಕಡೆ ಇದು ಇನ್ನೂ ಬಹಳ ಬೆಳೆಯಬೇಕು.

ಚಿತ್ರದಲ್ಲಿ ಇವನ್ನು ತೋರಿಸಿ ಅಂತ ನನ್ನ ಬೇಡಿಕೆ. ಕೊನೆಕೊನೆಗೆ ಹಸಿವು ತಾನಾಗಿ ಹೋಗುತ್ತದೆ. ಉಣ್ಣದೆ ಸಾಯುತ್ತಿಲ್ಲ, ಸಾವು ಹತ್ತಿರ ಬಂದದ್ದಕ್ಕೆ ಉಣ್ಣುತ್ತಿಲ್ಲ. ಒತ್ತಾಯದಿಂದ ತುರುಕಿದರೆ ಗಂಟಲಿಗೆ ಸಿಕ್ಕುತ್ತದೆ. ಉಸಿರು ನಿಂತು ನಿಂತು ಬರುತ್ತದೆ. ಗಂಟಲಲ್ಲಿ ಗೊರಗೊರ ಸದ್ದು ಬರುತ್ತದೆ. ಅದು ಕೇಳುವ ನಮಗೆ ಆಗುವಷ್ಟು ಹಿಂಸೆ ಅವರಿಗೆ ಆಗುತ್ತಿರುವುದಿಲ್ಲ. ಒಂದು ಮಗ್ಗುಲಿಗೆ ಮಲಗಿಸಿದರೆ ಕಡಿಮೆ ಆಗುತ್ತದೆ. ಬಾಯಿಗೆ ನೀರು ಬಿಡುವುದು ನಮ್ಮ ಪದ್ಧತಿ. ಬೇಡ ಅನ್ನುವುದಿಲ್ಲ. ಚಮಚದಿಂದ ಸುರಿಯಬೇಡಿ, ಹತ್ತಿ ಒದ್ದೆ ಮಾಡಿ ತುಟಿ ಸವರಿ. ಮಗ ಬಿಟ್ಟ ನೀರು ಮುಟ್ಟಿದ ಹಾಗೇ ಆಯಿತು, ಅಲ್ವಾ? ಕಿವಿ ಕೇಳುತ್ತಿರುತ್ತದೆ ಅಂತಲೇ ತಿಳಿದು ಮಾತಾಡಿ.

ಆ ಅಜ್ಜಿಯ ಮನೆಯವರು ಒಪ್ಪಿದರೆ ನಾನು ಬರುತ್ತೇನೆ. ಕ್ಯಾಮೆರಾ ಇಲ್ಲದೆ ಹೋಗೋಣ.

ಕಲಘಟಗಿ ತೊಟ್ಟಿಲು

ನರ್ಸಕ್ಕಾ, ನೀರಿನ ಮಾತು ನಮ್ಮ ಮನೆಯಲ್ಲಿ ಎಲ್ಲರಿಗೂ ಓದಿ ಹೇಳಿದೆ. ನಮ್ಮ ಕಾಕಾ ಈಗ ಹಾಸಿಗೆಯಲ್ಲಿದ್ದಾರೆ.

ಕಪ್ಪು ಕೋಟು ಹುಬ್ಬಳ್ಳಿ

ಕಾನೂನಿನದು ಚಿಕ್ಕದಾಗಿ ಹೇಳುತ್ತೇನೆ. ನಮ್ಮ ಹೊನ್ನಾವರದ ಹಳದೀಪುರದಿಂದ ಮುಂಬೈಗೆ ನರ್ಸ್ ಆಗಿ ಹೋದ ಅರುಣಾ ಶಾನಭಾಗ ಅವರ ಮೇಲೆ 1973ರಲ್ಲಿ ಹಲ್ಲೆ ಆಯಿತು. 2015ರವರೆಗೆ, 41 ವರ್ಷಕ್ಕೂ ಜಾಸ್ತಿ, ಅವರು ಪ್ರಜ್ಞೆ ಮರಳದ ಸ್ಥಿತಿಯಲ್ಲೇ ಮಲಗಿದ್ದರು. ಇಂಥವರ ಚಿಕಿತ್ಸೆ ನಿಲ್ಲಿಸಿ ಸಾಯಲು ಬಿಡಬಹುದಾ ಅನ್ನುವ ಚರ್ಚೆ ಅವರ ಪ್ರಕರಣದಿಂದ 2011ರಲ್ಲಿ ಜೋರಾಯಿತು. 2018ರ ಮಾರ್ಚ್ 9ರಂದು ಸುಪ್ರೀಂ ಕೋರ್ಟು, ಘನತೆಯಿಂದ ಸಾಯುವುದೂ ಬದುಕುವ ಹಕ್ಕಿನ ಭಾಗ ಅಂತ ಹೇಳಿತು. ವಾಸಿಯಾಗುವ ಆಸೆ ಇಲ್ಲದಾಗ ನನ್ನನ್ನು ಯಂತ್ರಕ್ಕೆ ಕಟ್ಟಿ ಇಡಬೇಡಿ ಅಂತ ಯಾರು ಬೇಕಾದರೂ ಮೊದಲೇ ಬರೆದಿಡಬಹುದು. ಎರಡು ಸಾಕ್ಷಿ ಬೇಕು. ಮೊದಲು ಮ್ಯಾಜಿಸ್ಟ್ರೇಟ್ ಮುಂದೆ ಹೋಗಬೇಕಿತ್ತು, 2023ರ ಜನವರಿಯಿಂದ ನೋಟರಿ ಅಥವಾ ಗೆಜೆಟೆಡ್ ಅಧಿಕಾರಿ ಸಾಕು. ಕರ್ನಾಟಕ ಸರ್ಕಾರ 2025ರ ಜನವರಿ 30ರಂದು ಇದರ ಜಾರಿಗೆ ಸುತ್ತೋಲೆ ಹೊರಡಿಸಿತು.

ನಾನು ನನ್ನದನ್ನು ಬರೆದಿಟ್ಟಿದ್ದೇನೆ. ಹೆಂಡತಿ ಎರಡು ದಿನ ಮಾತು ಬಿಟ್ಟಿದ್ದಳು. ಮೂರನೇ ದಿನ ತನ್ನದೂ ಬರೆಸು ಅಂದಳು.

ಅಕ್ಕಾವ್ರೇ, ಇಲ್ಲೂ ಮೂಲ ಅದೇ. ಬರೆದಿಡಬೇಕಾದರೆ ಮೊದಲು ಆ ಮಾತು ಮನೆಯೊಳಗೆ ಬರಬೇಕು.

ಕೆಲಗೇರಿ ದಂಡೆ

ಎಲ್ಲ ಓದಿದೆ, ಎರಡೆರಡು ಸಲ. ಸ್ಟುಡಿಯೋ ಅಣ್ಣಾ, ನೀವು ಕಟ್ಟೆಯ ಮೇಲೆ ಕೂತಿದ್ದನ್ನು ಮರೆಯಲಾರೆ.

ಹೊರಗಿನ ಕೆಲಸಗಳನ್ನೂ ನಾನು ನೋಡಿದ್ದೇನೆ. ಅಮೆರಿಕದ ಫ್ರೆಡರಿಕ್ ವೈಸ್‌ಮನ್ 1989ರಲ್ಲಿ ಬಾಸ್ಟನ್ನಿನ ಒಂದು ಆಸ್ಪತ್ರೆಯ ಐಸಿಯುನಲ್ಲಿ ಹತ್ತಿರ ಹತ್ತಿರ ಆರು ಗಂಟೆಯ ಚಿತ್ರ ಮಾಡಿದರು. ಡಾಕ್ಟರು, ಮನೆಯವರು ಮಾತಾಡುತ್ತಲೇ ಇರುತ್ತಾರೆ. ಹಿನ್ನೆಲೆ ಧ್ವನಿ ಇಲ್ಲ, ವಿವರಣೆ ಇಲ್ಲ. ಕೆನಡಾದ ಅಲನ್ ಕಿಂಗ್ 2003ರಲ್ಲಿ ಟೊರಾಂಟೊದ ಒಂದು ಆಸ್ಪತ್ರೆಯಲ್ಲಿ ಐದು ಜನರ ಕೊನೆಯ ದಿನಗಳನ್ನು ತೆಗೆದರು. ಬದುಕಿರುವವರಿಗೆ ಉಪಯೋಗ ಆಗಲಿ ಅಂತ ಆ ಐವರೂ ತಿಳಿದು ಒಪ್ಪಿದ್ದರು. ಅದನ್ನು ನೋಡಿಯೇ ನನಗೆ ಧೈರ್ಯ ಬಂದದ್ದು. ಆದರೆ "ತಿಳಿದು" ಅನ್ನುವ ಪದವನ್ನು ನಾನು ಹಾರಿಸಿಕೊಂಡು ಬಂದಿದ್ದೆ. ನಮ್ಮಲ್ಲಿ ಒಪ್ಪಿಗೆ ಅಂದರೆ ಮನೆಯ ಹಿರಿಮಗನ ಒಪ್ಪಿಗೆ. ಅದು ನನಗೆ ಅನುಕೂಲ ಆಯಿತು, ಅದಕ್ಕೇ ಪ್ರಶ್ನೆ ಮಾಡಲಿಲ್ಲ.

ನರ್ಸಕ್ಕಾ, ಮಕ್ಕಳ ಜೊತೆ ಮಾತಾಡಿದೆ. ದೊಡ್ಡವರು ಒಪ್ಪಿದರು, ಚಿಕ್ಕವರು ಎದ್ದು ಹೋದರು. ಭಾನುವಾರ ಬನ್ನಿ.

ಶಿರಹಟ್ಟಿ ರಸ್ತೆ

ಹೋಗಿ ಬಂದ ಮೇಲೆ ಬರೆಯಿರಿ ಅಕ್ಕಾ. ಕಾಯುತ್ತಿರುತ್ತೇನೆ.

ಕೆಲಗೇರಿ ದಂಡೆ

ಹೋಗಿ ಬಂದೆವು. ಎರಡು ಗಂಟೆ ಇದ್ದೆವು. ನರ್ಸಕ್ಕ ಮೊದಲು ನೋವಿನ ಮಾತು ಕೇಳಿದರು. ರಾತ್ರಿ ನಿದ್ದೆ ಇಲ್ಲ ಅಂತ ಅಜ್ಜಿ ಯಾರಿಗೂ ಹೇಳಿರಲಿಲ್ಲ. ಮಕ್ಕಳಿಗೆ ಖರ್ಚಾಗುತ್ತದೆ ಅಂತ. ಡಾಕ್ಟರಿಗೆ ಫೋನ್ ಮಾಡಿ ಗುಳಿಗೆ ವ್ಯವಸ್ಥೆ ಆಯಿತು.

ಆಮೇಲೆ ಆ ಎರಡು ಮಾತು. ಮೊದಲನೆಯದಕ್ಕೆ ಅಜ್ಜಿ "ಹೊಟ್ಟ್ಯಾಗ ಏನೋ ಬೆಳದೈತಿ" ಅಂದರು. ಎರಡನೆಯದಕ್ಕೆ ಸ್ವಲ್ಪ ಹೊತ್ತು ಸುಮ್ಮನಿದ್ದು, "ದೊಡ್ಡವಗ ಹೇಳ್ರಿ. ನನಗ ಬ್ಯಾಡ" ಅಂದರು. ಸ್ಪಷ್ಟವಾಗಿ. ಹೊರಗೆ ನಿಂತಿದ್ದ ಚಿಕ್ಕ ಮಗನಿಗೂ ಕೇಳಿಸಿತು.

ಯಾಲಕ್ಕಿ ತಮ್ಮಾ, ನಿನ್ನ ಅಪ್ಪನ ಜಾತ್ರೆ ನೆನಪಿಟ್ಟುಕೊಂಡು ನಾನು ಇನ್ನೊಂದು ಕೇಳಿದೆ. ಎಲ್ಲಿಗಾದರೂ ಹೋಗಬೇಕಾ, ಯಾರನ್ನಾದರೂ ನೋಡಬೇಕಾ ಅಂತ. ಎರಿ ಹೊಲ ನೋಡಬೇಕು ಅಂದರು. ಕಡಲೆ ಹೂ ಬಿಟ್ಟಿದೆ ಅಂತ ಯಾರೋ ಹೇಳಿದ್ದರಂತೆ. ಮರುದಿನ ಟ್ರ್ಯಾಕ್ಟರಿನಲ್ಲಿ ಹಾಸಿಗೆ ಹಾಸಿ ಕರೆದುಕೊಂಡು ಹೋದರು. ನಾನು ಹೋಗಲಿಲ್ಲ, ತೆಗೆಯಲೂ ಇಲ್ಲ.

ನನ್ನನ್ನು ಯಾಕೆ ಆರಿಸಿದೆ ಅಂತ ಕೇಳಿದ್ದರಲ್ಲ, ಅದಕ್ಕೂ ಉತ್ತರ ಕೊಡಬೇಕಿತ್ತು. "ಬಹಳ ಜಡ್ಡು ಇದ್ದವರು, ಅವರ ಮನೆಯವರು ದಿನ ಹೆಂಗ ಕಳೀತಾರ ಅಂತ ನೋಡಾಕ ಬಂದಿದ್ದೆ. ನಿಮಗ ಹೇಳದ ಬಂದದ್ದು ತಪ್ಪಾತು" ಅಂದೆ. ಅವರು ಬಯ್ಯಲಿಲ್ಲ. "ಜಡ್ಡು ತಗದು ಏನ ಮಾಡ್ತಿ? ನನ್ನ ಬೀಸೂ ಪದ ತಕ್ಕೋ. ಮೊಮ್ಮಗಳಿಗೆ ಒಂದೂ ಬರೂದಿಲ್ಲ" ಅಂದರು. ಅದಕ್ಕೊಂದು ಕರಾರು ಹಾಕಿದರು. ಅವರು ಸೆರಗನ್ನು ಮುಖದ ಮೇಲೆ ಎಳೆದುಕೊಂಡರೆ ನಾನು ಬಂದ್ ಮಾಡಬೇಕು.

ಮೂರು ದಿನದಿಂದ ಅದೇ ನಡೆದಿದೆ. ಬೆಳಗ್ಗೆ ಗುಳಿಗೆ ತಗೊಂಡ ಮೇಲೆ ಒಂದು ತಾಸು. ಕೈ, ಕೌದಿ, ದನಿ, ಅಷ್ಟೇ. ಎರಡು ಸಲ ಸೆರಗು ಎಳೆದುಕೊಂಡರು. ಎರಡು ಸಲವೂ ಕೆಂಪು ದೀಪ ಆರಿಸಿ ಹೊರಗೆ ಬಂದು ಕೂತೆ.

ಮೊದಲ ನಾಲ್ಕು ದಿನದ್ದನ್ನು ಅಳಿಸಿದೆ.

ಬೆಟಗೇರಿ ಸ್ಟುಡಿಯೋ

ಅಳಿಸಬಾರದಿತ್ತು ತಂಗೀ. ನಾನು ಒಂದೂ ನೆಗೆಟಿವ್ ಸುಟ್ಟಿಲ್ಲ. ನಿನ್ನ ಚಿತ್ರದಲ್ಲಿ ಹಾಕಬೇಡ, ಸರಿ. ಮನೆಯವರಿಗೆ ಕೊಡಬಹುದಿತ್ತು. ಇಪ್ಪತ್ತು ವರ್ಷದ ಮೇಲೆ ಬಂದು "ನಮ್ಮ ಅವ್ವಂದು ಇನ್ನೊಂದು ಪ್ರಿಂಟ್ ಸಿಗತೈತೇನ್ರೀ" ಅಂತ ಕೇಳಿದವರು ಎಷ್ಟೋ ಮಂದಿ.

ಶಿರಹಟ್ಟಿ ರಸ್ತೆ

ಅಳಿಸಿದ್ದೇ ಸರಿ. ಅಣ್ಣಾರ, ನಿಮ್ಮ ಹತ್ತಿರ ಇದ್ದದ್ದು ಅವರು ಕರೆದು ತೆಗೆಸಿದ ಫೋಟೋ. ಇದು ಹಾಗಲ್ಲ. ಅಕ್ಕಾ, ನಿಮ್ಮ ಚಿತ್ರ ಮುಗಿದ ಮೇಲೆ ನಾನು ನೋಡುತ್ತೇನೆ. ಹದಿನೈದು ದಿನದ ಹಿಂದೆ ಈ ಮಾತು ಹೇಳುತ್ತಿರಲಿಲ್ಲ.

ಕೆಲಗೇರಿ ದಂಡೆ

ಸ್ಟುಡಿಯೋ ಅಣ್ಣಾ, ನೀವು ಹೇಳಿದ್ದು ನೆಟ್ಟಿದೆ. ಅಳಿಸುವ ಮುಂಚೆ ಅಜ್ಜಿಯನ್ನು ಕೇಳಬಹುದಿತ್ತು. ಆಗಲೂ ನಾನೇ ನಿರ್ಧಾರ ಮಾಡಿಬಿಟ್ಟೆ. ಈಗ ತೆಗೆಯುತ್ತಿರುವ ಪದಗಳ ಒಂದು ಪ್ರತಿ ಮೊಮ್ಮಗಳ ಫೋನಿಗೆ ದಿನಾ ಹಾಕುತ್ತಿದ್ದೇನೆ.

ಒಂದು ಸಹಾಯ ಬೇಕು. ಪಂಚಮಿಗೆ ಅಣ್ಣ ಕರೆಯಲು ಬರುತ್ತಾನೆ, ಅತ್ತೆ ಕಳಿಸುವುದಿಲ್ಲ, ತಂಗಿ ಬಾಗಿಲ ಮರೆಯಲ್ಲಿ ನಿಂತು ಅಣ್ಣನ ಕುದುರೆಗೆ ನೀರು ಕೊಡುತ್ತಾಳೆ. ಅಂಥ ಒಂದು ಬೀಸುವ ಪದ. ಅಜ್ಜಿಗೆ ಕುದುರೆ ನೀರು ಕುಡಿಯುವ ತನಕ ನೆನಪಿದೆ, ಮುಂದೆ ಮರೆತಿದೆ. ಎರಡು ದಿನದಿಂದ ಅದನ್ನೇ ಹುಡುಕುತ್ತಿದ್ದಾರೆ. ಯಾರ ಮನೆಯಲ್ಲಾದರೂ ಹಿರಿಯರಿಗೆ ಗೊತ್ತಿದೆಯಾ?

ಕಲಘಟಗಿ ತೊಟ್ಟಿಲು

ಅಕ್ಕಾ, ನಮ್ಮ ಆಯಿಗೆ ಇದೇ ಪದ ಬರುತ್ತದೆ ಅಂತ ಅನ್ನಿಸುತ್ತದೆ. ಕಾಕಾನ ಹಾಸಿಗೆ ಹತ್ತಿರ ಕೂತಿದ್ದಾಳೆ, ಈಗ ತಾನೇ ಕೇಳಿದೆ. "ಫೋನ್ ಹಚ್ಚು, ಆಕೀಗೆ ನಾನs ಹೇಳ್ತೀನಿ" ಅಂದಳು. ನಾಳೆ ಬೆಳಗ್ಗೆ ಎಷ್ಟು ಗಂಟೆಗೆ ಮಾಡಲಿ?

ಕೆಲಗೇರಿ ದಂಡೆ

ಎಂಟಕ್ಕೆ ಗುಳಿಗೆ. ಒಂಬತ್ತಕ್ಕೆ ಮಾಡಿಸಿ.